ಬುರ್ಕಿನಾದ ಭೀಷ್ಮ: ಪಶ್ಚಿಮ ಆಫ್ರಿಕಾದ ನಟ ಹೊಟ್ಟೆಪಾಡಿಗೆ ಎಲ್ಲಿಗೆ ಹೋಗಬೇಕು?

1989ರಲ್ಲಿ ಭಾನುವಾರ ಬೆಳಗ್ಗೆ ನಮ್ಮ ಬೀದಿಗಳು ಖಾಲಿ ಹೊಡೆಯುತ್ತಿದ್ದವು. ದೂರದರ್ಶನದಲ್ಲಿ ಬಿ. ಆರ್. ಚೋಪ್ರಾ ಅವರ ‘ಮಹಾಭಾರತ’ ಬರುತ್ತಿತ್ತು. ಭೀಷ್ಮ ಅಂದರೆ ಮುಕೇಶ್ ಖನ್ನಾ. ಬಿಳಿ ಗಡ್ಡ, ಹೊಳೆಯುವ ಕಿರೀಟ, ಗುಡುಗಿನಂಥ ದನಿ. ಅದೇ ವರ್ಷ ಇನ್ನೊಂದು ಮಹಾಭಾರತವೂ ತೆರೆಗೆ ಬಂತು. ಪೀಟರ್ ಬ್ರೂಕ್ ಎಂಬ ಇಂಗ್ಲಿಷ್ ನಿರ್ದೇಶಕ ಮಾಡಿದ, ಐದೂವರೆ ಗಂಟೆ ಸುಮಾರಿನ ಸಿನಿಮಾ. ಅದರ ಭೀಷ್ಮನನ್ನು ನಮ್ಮ ಕಡೆ ನೋಡಿದವರು ಕಡಿಮೆ. ಆ ಪಾತ್ರ ಮಾಡಿದವರು ಪಶ್ಚಿಮ ಆಫ್ರಿಕಾದ ಬುರ್ಕಿನಾ ಫಾಸೊ ದೇಶದ ಸೋಟಿಗಿ ಕುಯಾಟೆ.

ನಾನು ಅದನ್ನು ನೋಡಿದ್ದು ತುಂಬಾ ತಡವಾಗಿ, ಲ್ಯಾಪ್‌ಟಾಪಿನಲ್ಲಿ, ಎರಡು ರಾತ್ರಿ ಕಂತು ಮಾಡಿಕೊಂಡು. ಮೊದಲ ಅರ್ಧ ಗಂಟೆ ಕಣ್ಣು ಹೊಂದಿಕೊಳ್ಳಲೇ ಇಲ್ಲ. ಕಪ್ಪು ಮೈಯ, ತೆಳ್ಳಗೆ ಉದ್ದಕ್ಕೆ ಇರುವ ಭೀಷ್ಮ. ಇಂಗ್ಲಿಷ್ ಮಾತು, ಆದರೆ ಅದರ ರಾಗ ಅವರ ಊರಿನದು. ಮಾತಿಗೆ ಅವಸರವೇ ಇಲ್ಲ. ಆಮೇಲೆ ಯಾವಾಗಲೋ ನನಗೇ ಗೊತ್ತಾಗದಂತೆ ಆ ಮುಖ ಅಜ್ಜನ ಮುಖ ಆಗಿಬಿಟ್ಟಿತ್ತು. ದ್ರೌಪದಿಯಾಗಿ ಮಲ್ಲಿಕಾ ಸಾರಾಭಾಯಿ, ಭೀಮನಾಗಿ ಸೆನೆಗಲ್‌ನ ಮಮದೂ ಜುಮ್. ನಮ್ಮ ಮಹಾಕಾವ್ಯವನ್ನು ಹೀಗೆ ಎತ್ತಿಕೊಂಡು ಹೋಗಿದ್ದು ಸರಿಯಾ ಅಂತ ರುಸ್ತುಂ ಭರೂಚಾ ಅವರಂಥ ವಿಮರ್ಶಕರು ಆಗಲೇ ಖಾರವಾಗಿ ಕೇಳಿದ್ದರು. ಆ ಜಗಳ ಇನ್ನೊಂದು ದಿನಕ್ಕಿರಲಿ. ನನಗೆ ಅಂಟಿಕೊಂಡ ಪ್ರಶ್ನೆ ಬೇರೆ. ಇಂಥ ನಟ ಸಿಕ್ಕಿದ್ದು ಅವರ ಊರಿನಲ್ಲಿ, ಆದರೆ ಅವರನ್ನು ಲೋಕ ನೋಡಿದ್ದು ಪ್ಯಾರಿಸ್‌ನಿಂದ. ಯಾಕೆ?

ಈ ಪ್ರಶ್ನೆ ಈಗ ಮತ್ತೆ ಬಿಸಿಯಾಗಿದೆ. ಸೋಟಿಗಿ ಹೋದ ದಾರಿ 2023ರಿಂದ ಹೆಚ್ಚುಕಡಿಮೆ ಮುಚ್ಚಿದೆ. ಆ ಕಡೆಗೆ ಬರುತ್ತೇನೆ. ಮೊದಲು ಅವರ ಕಥೆ.

ಸೋಟಿಗಿ ಹುಟ್ಟಿದ್ದು 1936ರಲ್ಲಿ, ಮಾಲಿಯ ಬಮಾಕೊದಲ್ಲಿ. ಬದುಕು ಕಟ್ಟಿಕೊಂಡಿದ್ದು ಪಕ್ಕದ ಅಪ್ಪರ್ ವೋಲ್ಟಾದಲ್ಲಿ. 1984ರಲ್ಲಿ ಹೆಸರು ಬದಲಾಗಿ ಬುರ್ಕಿನಾ ಫಾಸೊ ಆದದ್ದು ಅದೇ ದೇಶ. ಮೊದಲು ಅವರು ಫುಟ್‌ಬಾಲ್ ಆಟಗಾರ. ರಾಷ್ಟ್ರೀಯ ತಂಡಕ್ಕೇ ಆಡಿದವರು. ನಾಟಕಕ್ಕೆ ಕಾಲಿಟ್ಟಿದ್ದು 1966ರಲ್ಲಿ, ಮೂವತ್ತನೇ ವಯಸ್ಸಿಗೆ. ಅದೇ ವರ್ಷ ಸುಮಾರು 25 ಜನರ ಒಂದು ತಂಡವನ್ನೂ ಕಟ್ಟಿದರು. ಈ ವಿವರ ನೋಡಿದರೆ ತಡವಾಗಿ ಶುರು ಮಾಡಿದ ಹವ್ಯಾಸಿ ಅನಿಸಬಹುದು. ಅವರ ಮನೆತನ ಗೊತ್ತಾದರೆ ಹಾಗೆ ಅನಿಸುವುದಿಲ್ಲ.

ಕುಯಾಟೆ ಎಂಬುದು ಸುಮ್ನೆ ಅಡ್ಡಹೆಸರಲ್ಲ. ಅದು ಗ್ರಿಯೊ ಮನೆತನ. ಗ್ರಿಯೊ ಎನ್ನುವುದು ಫ್ರೆಂಚರ ಬಾಯಿಯ ಪದ. ಆ ಕಡೆಯ ಮಾಂಡೆ ಭಾಷೆಗಳಲ್ಲಿ ಇವರನ್ನು ಜೇಲಿ ಎನ್ನುತ್ತಾರೆ. ನಮ್ಮ ಉತ್ತರ ಕರ್ನಾಟಕದ ಹೆಳವರನ್ನು ನೆನಪಿಸಿಕೊಳ್ಳಿ. ಎತ್ತಿನ ಮೇಲೆ ಬಂದು, ಮನೆ ಮುಂದೆ ನಿಂತು, ನಿಮ್ಮ ಮುತ್ತಜ್ಜನ ಅಪ್ಪನ ಹೆಸರನ್ನು ನಿಮಗೇ ಹೇಳಿಕೊಡುತ್ತಾರಲ್ಲ, ಅವರು. ಜೇಲಿಗಳ ಕೆಲಸದಲ್ಲಿ ಅದೂ ಒಂದು. ಅದರ ಮೇಲೆ ಮದುವೆ ಮಾತುಕತೆ, ನಾಮಕರಣ, ಎರಡು ಮನೆಗಳ ಜಗಳದ ರಾಜಿ, ಹಾಡು, ವಾದ್ಯ, ರಾಜನ ಪರವಾಗಿ ಮಾತು. ಹದಿಮೂರನೇ ಶತಮಾನದಲ್ಲಿ ಮಾಲಿ ಸಾಮ್ರಾಜ್ಯ ಕಟ್ಟಿದ ಸುಂಜಾಟಾ ಕೇಟಾನ ಜೊತೆಗಿದ್ದ ಗ್ರಿಯೊ ಬಲ್ಲಾ ಫಸ್ಸೆಕೆ ಕುಯಾಟೆ. ಅಂದಿನಿಂದ ಕೇಟಾಗಳ ಕಥೆ ಹೇಳುವ ಹೊಣೆ ಕುಯಾಟೆಗಳದ್ದು.

ಅಂದರೆ ಸಭೆಯ ಮುಂದೆ ನಿಂತು ಮಾತಾಡುವುದು ಸೋಟಿಗಿಗೆ ಕಲಿಯಬೇಕಾದ ವಿದ್ಯೆ ಆಗಿರಲಿಲ್ಲ, ಮನೆಯಲ್ಲೇ ಇತ್ತು. ಎಲ್ಲಿ ನಿಲ್ಲಿಸಬೇಕು, ಎಲ್ಲಿ ದನಿ ಇಳಿಸಬೇಕು ಎಂಬುದೂ ಅದರ ಜೊತೆಗೇ ಬಂದದ್ದು. ಬ್ರೂಕ್ ಅವರ ಸಿನಿಮಾದಲ್ಲಿ ಭೀಷ್ಮ ಮಾತಾಡುವಾಗ ಸುತ್ತಲಿನವರು ತಾವಾಗಿ ಸುಮ್ಮನಾಗುವಂತೆ ಕಾಣುವುದಕ್ಕೆ ಕಾರಣ ಇಲ್ಲಿದೆ ಎಂದು ನನ್ನ ಅಂದಾಜು.

ಇಲ್ಲೊಂದು ಹಣಕಾಸಿನ ವಿಷಯವೂ ಇದೆ. ಜೇಲಿಗೆ ಟಿಕೆಟ್ ಇಲ್ಲ, ಸಂಬಳ ಇಲ್ಲ. ಅವನನ್ನು ಸಾಕುವುದು ಪೋಷಕ ಮನೆತನ. ಹಾಡಿದ ಮೇಲೆ ಕೊಡುವವರು ಕೊಡುತ್ತಾರೆ: ದುಡ್ಡು, ಬಟ್ಟೆ, ದನ. ಕಲೆಗೆ ಪೋಷಕ ಇದ್ದೇ ಇರುತ್ತಾನೆ ಎಂಬುದು ಆ ಸಮಾಜದ ಲೆಕ್ಕ. ಹಾಗಾದರೆ ಸಿನಿಮಾಕ್ಕೆ ಪೋಷಕ ಯಾರು? 1960ರಲ್ಲಿ ಸ್ವಾತಂತ್ರ್ಯ ಬಂದಾಗ ಸೆನೆಗಲ್, ಮಾಲಿ, ನೈಜರ್, ಐವರಿ ಕೋಸ್ಟ್, ಅಪ್ಪರ್ ವೋಲ್ಟಾ ಯಾವ ದೇಶಕ್ಕೂ ಇದಕ್ಕೆ ಉತ್ತರ ಇರಲಿಲ್ಲ.

ಟಾಕೀಸುಗಳು ಇದ್ದವು. ಆದರೆ ಚಿತ್ರ ಹಂಚಿಕೆ ಹೆಚ್ಚುಕಡಿಮೆ ಪೂರ್ತಿ ಎರಡು ಫ್ರೆಂಚ್ ಕಂಪನಿಗಳ ಕೈಯಲ್ಲಿತ್ತು: ಕೊಮಾಸಿಕೊ ಮತ್ತು ಸೆಕ್ಮಾ. ಅವರು ಹಾಕುತ್ತಿದ್ದದ್ದು ಅಮೆರಿಕದ ಕೌಬಾಯ್ ಚಿತ್ರ, ಫ್ರೆಂಚ್ ಚಿತ್ರ, ಜೊತೆಗೆ ಹಿಂದಿ ಚಿತ್ರ. ಹೌದು, ಹಿಂದಿ. ಸೆನೆಗಲ್ ರಾಜಧಾನಿ ಡಕಾರ್‌ನಲ್ಲೂ ನೈಜೀರಿಯಾದ ಕಾನೊದಲ್ಲೂ ಒಂದು ತಲೆಮಾರು ಹಿಂದಿ ಹಾಡು ಗುನುಗುತ್ತ ಬೆಳೆಯಿತು. ತಮ್ಮದೇ ಊರಿನ ಮುಖ ಮಾತ್ರ ಪರದೆ ಮೇಲೆ ಇರಲಿಲ್ಲ.

1970ರ ಜನವರಿಯಲ್ಲಿ ಅಪ್ಪರ್ ವೋಲ್ಟಾ ಒಂದು ಗಟ್ಟಿ ಹೆಜ್ಜೆ ಇಟ್ಟಿತು. ಕಂಪನಿಗಳು ಟಿಕೆಟ್ ದರ ಏರಿಸಿದ್ದಕ್ಕೆ ಜಗಳ ಎದ್ದು, ಸರ್ಕಾರ ದೇಶದಲ್ಲಿದ್ದ ಆರು ಚಿತ್ರಮಂದಿರಗಳನ್ನು ವಶಕ್ಕೆ ತಗೊಂಡಿತು. ಟಿಕೆಟ್ ದುಡ್ಡಿನ ಒಂದು ಪಾಲು ಸಿನಿಮಾ ನಿಧಿಗೆ ಹೋಗಬೇಕು ಎಂದು ಮಾಡಿತು. ಅದಕ್ಕೂ ಒಂದು ವರ್ಷ ಮೊದಲು, 1969ರಲ್ಲಿ, ರಾಜಧಾನಿ ವಾಗಡುಗುವಿನಲ್ಲಿ ಆಫ್ರಿಕನ್ ಚಿತ್ರೋತ್ಸವ ಶುರುವಾಗಿತ್ತು. ಫೆಸ್ಪಾಕೊ ಎಂದು ಈಗ ಹೆಸರಾದದ್ದು ಅದೇ. ಆ ಊರಿನ ಒಂದು ವೃತ್ತದಲ್ಲಿ ಫಿಲ್ಮ್ ರೀಲುಗಳನ್ನು ಒಂದರ ಮೇಲೊಂದು ಪೇರಿಸಿದಂತಿರುವ ಸ್ಮಾರಕ ಇದೆ. ಸಿನಿಮಾ ಮಾಡುವವರ ಹೆಸರಿನ ವೃತ್ತ ಅದು. ಲೋಕದ ಕಡುಬಡ ದೇಶಗಳಲ್ಲಿ ಒಂದರ ರಾಜಧಾನಿಯಲ್ಲಿ!

ಆದರೂ ಆರು ಟಾಕೀಸಿನ ಟಿಕೆಟ್ ದುಡ್ಡಲ್ಲಿ ಎಷ್ಟು ಸಿನಿಮಾ ಆಗುತ್ತೆ? ವರ್ಷಕ್ಕೆ ಬೆರಳಲ್ಲಿ ಎಣಿಸುವಷ್ಟು. ಉಳಿದದ್ದಕ್ಕೆ ಪೋಷಕನಾಗಿ ಬಂದದ್ದು ಫ್ರಾನ್ಸ್. 1963ರಿಂದಲೇ ಅಲ್ಲಿನ ಸಹಕಾರ ಸಚಿವಾಲಯದಲ್ಲಿ ಆಫ್ರಿಕನ್ ಚಿತ್ರಗಳಿಗೆ ನೆರವು ಕೊಡುವ ಒಂದು ವಿಭಾಗ ಇತ್ತು. ದುಡ್ಡು ಕೊಡುತ್ತಿದ್ದರು, ಎಡಿಟಿಂಗ್ ಪ್ಯಾರಿಸ್‌ನಲ್ಲಿ ಆಗುತ್ತಿತ್ತು, ಚಿತ್ರ ಯುರೋಪಿನ ಉತ್ಸವಗಳಿಗೆ ಹೋಗುತ್ತಿತ್ತು. ಈ ಏರ್ಪಾಡಿನಲ್ಲಿ ನಿರ್ದೇಶಕ ಬೆಳೆದ. ಅರ್ಜಿ ಅವನ ಹೆಸರಲ್ಲಿ, ಸ್ಕ್ರಿಪ್ಟ್ ಅವನದು, ಪ್ರಶಸ್ತಿಯೂ ಅವನಿಗೆ. ನಟನಿಗೆ ಸಿಕ್ಕಿದ್ದು ಆರು ವಾರದ ಕೆಲಸ. ಮುಂದಿನ ಕೆಲಸ ಯಾವಾಗ ಅಂತ ಯಾರಿಗೂ ಗೊತ್ತಿರುತ್ತಿರಲಿಲ್ಲ.

ಮೊದಮೊದಲ ನಟರ ಕಥೆಗಳನ್ನು ಒಂದರ ಪಕ್ಕ ಒಂದಿಟ್ಟು ನೋಡಿದರೆ ಇದು ಕಣ್ಣಿಗೆ ಹೊಡೆಯುತ್ತದೆ.

ನೈಜರ್‌ನ ಉಮರು ಗಾಂಡಾ. ಫ್ರೆಂಚ್ ಸೈನ್ಯದಲ್ಲಿ ಇಂಡೋಚೈನಾ ಯುದ್ಧಕ್ಕೆ ಹೋಗಿ ಬಂದವರು. ಐವರಿ ಕೋಸ್ಟ್‌ನ ಅಬಿಜಾನ್‌ನಲ್ಲಿ ಕೂಲಿ ಹುಡುಕುತ್ತಿದ್ದಾಗ ಝಾನ್ ರೂಶ್ ಎಂಬ ಫ್ರೆಂಚ್ ನಿರ್ದೇಶಕರ ಕಣ್ಣಿಗೆ ಬಿದ್ದರು. 1958ರಲ್ಲಿ ರೂಶ್ ಅವರ ಚಿತ್ರದಲ್ಲಿ ಬಂದರಿನ ಕೂಲಿಯಾದರು. ಆ ಪಾತ್ರ ತನ್ನನ್ನು ತಾನು ಕರೆದುಕೊಳ್ಳುವುದು ಎಡ್ವರ್ಡ್ ಜಿ. ರಾಬಿನ್ಸನ್ ಅಂತ, ಹಾಲಿವುಡ್ ನಟನ ಹೆಸರು! ಗಾಂಡಾ ಅವರಿಗೆ ರೂಶ್ ತೋರಿಸಿದ ಆಫ್ರಿಕಾ ಪೂರ್ತಿ ಒಪ್ಪಿಗೆಯಾಗಲಿಲ್ಲ. ಮುಂದೆ ತಾವೇ ಕ್ಯಾಮೆರಾ ಹಿಂದೆ ನಿಂತರು. 1972ರಲ್ಲಿ ಫೆಸ್ಪಾಕೊದ ಮೊದಲ ದೊಡ್ಡ ಪ್ರಶಸ್ತಿ ಅವರ ಚಿತ್ರಕ್ಕೇ ಬಂತು. ನಟನಾಗಿ ಬೆಳೆಯಲು ದಾರಿ ಇಲ್ಲದೆ ನಿರ್ದೇಶಕರಾದವರು ಎಂದೂ ಇದನ್ನು ಓದಬಹುದು.

ಸೆನೆಗಲ್‌ನ ಮ್ಬಿಸ್ಸಿನ್ ತೆರೇಸ್ ಜೋಪ್ ಅವರದು ಇನ್ನೊಂದು ಬಗೆ. ಹೊಲಿಗೆ ಕೆಲಸ ಗೊತ್ತಿದ್ದ ಹುಡುಗಿ. 1966ರಲ್ಲಿ ಉಸ್ಮಾನ್ ಸೆಂಬೇನ್ ಅವರ ‘ಲಾ ನ್ವಾರ್ ದ...’ ಚಿತ್ರದಲ್ಲಿ ಫ್ರಾನ್ಸಿಗೆ ಹೋದ ಮನೆಗೆಲಸದವಳ ಪಾತ್ರ ಮಾಡಿದರು. ಆಫ್ರಿಕನ್ ಸಿನಿಮಾದ ಇತಿಹಾಸ ಬರೆಯುವವರು ಬಿಡದೆ ಹೇಳುವ ಚಿತ್ರ ಅದು. ಆ ಮುಖ ಒಮ್ಮೆ ನೋಡಿದರೆ ಮರೆಯುವುದಿಲ್ಲ. ಆದರೆ ಚಿತ್ರದಲ್ಲಿ ಕೇಳುವ ಆಕೆಯ ಮನದ ಮಾತಿನ ದನಿ ಅವರದಲ್ಲ. ಅದು ಹೈಟಿ ದೇಶದ ಗಾಯಕಿ ತೋತೋ ಬಿಸಾಂತ್ ಅವರದು. ಮುಖ ಡಕಾರ್‌ನದು, ದನಿ ಇನ್ನೊಬ್ಬರದು. ಅಷ್ಟು ದೊಡ್ಡ ಪಾತ್ರ ಮಾಡಿದ ಮೇಲೂ ಅದರ ಮೇಲೆ ಕಟ್ಟಬಹುದಾದ ಒಂದು ವೃತ್ತಿ ಅವರಿಗಾಗಿ ಕಾದಿರಲಿಲ್ಲ.

ಮೂರನೆಯದು ನನಗೆ ತುಂಬಾ ಹತ್ತಿರದ್ದು. 1973ರ ‘ತುಕಿ ಬುಕಿ’. ಜಿಬ್ರಿಲ್ ಜೋಪ್ ಮಾಂಬೆಟಿ ನಿರ್ದೇಶಿಸಿದ್ದು. ಮೋಟಾರ್‌ಸೈಕಲ್‌ನ ಮುಂದೆ ಹಸುವಿನ ಕೊಂಬು ಕಟ್ಟಿಕೊಂಡು ಡಕಾರ್ ಸುತ್ತುತ್ತ, ಪ್ಯಾರಿಸ್‌ಗೆ ಓಡಿಹೋಗುವ ಕನಸು ಕಾಣುವ ಜೋಡಿಯ ಕಥೆ. ನಾಯಕ ಮಗಾಯ್ ನ್ಯಾಂಗ್. ಲೋಕದ ಸಿನಿಮಾ ತರಗತಿಗಳಲ್ಲಿ ಇವತ್ತಿಗೂ ತೋರಿಸುವ ಚಿತ್ರ. ನಲವತ್ತು ವರ್ಷದ ಮೇಲೆ ಮಾಂಬೆಟಿ ಅವರ ತಮ್ಮನ ಮಗಳು ಮಾತಿ ಜೋಪ್ ಆ ನಾಯಕನನ್ನು ಹುಡುಕಿಕೊಂಡು ಹೋಗಿ 2013ರಲ್ಲಿ ಒಂದು ಚಿತ್ರ ಮಾಡಿದರು. ಸಾಕ್ಷ್ಯಚಿತ್ರ ಅರ್ಧ, ಕಥೆ ಅರ್ಧ. ನ್ಯಾಂಗ್ ಡಕಾರ್‌ನಲ್ಲೇ ಇದ್ದಾರೆ. ವಾಹನಗಳ ನಡುವೆ ದನಗಳ ಹಿಂಡು ಹೊಡೆದುಕೊಂಡು ಹೋಗುತ್ತಾರೆ. ಒಂದು ಸಂಜೆ ಬಯಲಿನಲ್ಲಿ ಪರದೆ ಕಟ್ಟಿ ‘ತುಕಿ ಬುಕಿ’ ತೋರಿಸುತ್ತಾರೆ. ಪರದೆ ಮೇಲಿರುವವನು ನಾನೇ ಎಂದು ಮುದುಕ ಹೇಳಿದರೆ ಪಕ್ಕದ ಹುಡುಗರು ನಂಬುವುದಿಲ್ಲ, ನಗುತ್ತಾರೆ. ಆ ದೃಶ್ಯ ನೋಡುವಾಗ ನನಗೆ ನಗಬೇಕೋ ಬೇಡವೋ ತಿಳಿಯಲಿಲ್ಲ.

ಹಾಗಂತ ತಪ್ಪು ಪೂರ್ತಿ ದುಡ್ಡಿನದೇ ಅಲ್ಲ. ಇಲ್ಲಿನ ದೊಡ್ಡ ನಿರ್ದೇಶಕರಿಗೆ ಹೊಸ ಮುಖಗಳ ಮೇಲೆ ಪ್ರೀತಿ ಜಾಸ್ತಿ. ಇದ್ರಿಸ್ಸಾ ವೆದ್ರಾವೊಗೊ 1989ರ ‘ಯಾಬಾ’ ಚಿತ್ರದಲ್ಲಿ ಹಳ್ಳಿಯವರನ್ನೇ ನಿಲ್ಲಿಸಿದರು. ಮಾಲಿಯಲ್ಲಿ ನಡೆಯುವ ಕಥೆಯ ‘ಟಿಂಬಕ್ಟು’ವಿನಲ್ಲಿ ಮುಖ್ಯ ಪಾತ್ರ ಮಾಡಿದವರು ಸಂಗೀತಗಾರರು. ಅದೇ ಮಾತಿ ಜೋಪ್ ಅವರ ‘ಅಟ್ಲಾಂಟಿಕ್ಸ್’ 2019ರಲ್ಲಿ ಕಾನ್ ಉತ್ಸವದ ಗ್ರಾಂ ಪ್ರಿ ಗೆದ್ದಾಗಲೂ ನಾಯಕಿ ಹೊಸಬಳು. 2023ರಲ್ಲಿ ಇಟಲಿಯವರು ಮಾಡಿದ ವಲಸೆಯ ಚಿತ್ರವೊಂದಕ್ಕಾಗಿ ಸೆನೆಗಲ್‌ನ ಹುಡುಗ ಸೆಯ್ದು ಸಾರ್ ವೆನಿಸ್‌ನಲ್ಲಿ ಉದಯೋನ್ಮುಖ ನಟನ ಪ್ರಶಸ್ತಿ ಗೆದ್ದ. ಅವನಿಗೂ ನಟನೆ ಹೊಸದು. ಈ ಚಿತ್ರಗಳು ಚೆನ್ನಾಗಿವೆ, ಹೊಸಬರು ಅದ್ಭುತವಾಗಿ ಮಾಡಿದ್ದಾರೆ. ಆದರೆ ಇಪ್ಪತ್ತು ವರ್ಷ ನಾಟಕ ಮಾಡಿದ ನಟ ಡಕಾರ್‌ನಲ್ಲಿ ಕೂತು ಇದನ್ನು ನೋಡಿದರೆ ಏನನ್ನಬೇಕು? ಉತ್ಸವಗಳಿಗೆ ಆಫ್ರಿಕಾದಿಂದ ‘ಸಹಜ’ ಮುಖ ಬೇಕು, ಪಳಗಿದ ನಟ ಬೇಡ ಎಂಬಂತಾಗಿದೆ. ಇದರ ಬಗ್ಗೆ ವಿಮರ್ಶಕರು ಜಾಸ್ತಿ ಮಾತಾಡುವುದಿಲ್ಲ.

ಸೋಟಿಗಿ ಈ ಬಲೆಯಿಂದ ಹೊರಬಿದ್ದದ್ದು ಬ್ರೂಕ್ ಅವರಿಂದ. 1980ರ ದಶಕದ ಮೊದಲ ವರ್ಷಗಳಲ್ಲಿ ಬ್ರೂಕ್ ಲೋಕವೆಲ್ಲ ಸುತ್ತಿ ಮಹಾಭಾರತಕ್ಕೆ ನಟರನ್ನು ಹುಡುಕುತ್ತಿದ್ದರು. ಆ ಹೊತ್ತಿಗೆ ಸೋಟಿಗಿ ನೈಜರ್ ಮತ್ತು ಬುರ್ಕಿನಾದ ಕೆಲವು ಚಿತ್ರಗಳಲ್ಲಿ ಕಾಣಿಸಿಕೊಂಡಿದ್ದರು. 1985ರ ಜುಲೈಯಲ್ಲಿ ಫ್ರಾನ್ಸಿನ ಆವಿನ್ಯೋಂ ಬಳಿಯ ಒಂದು ಕಲ್ಲುಗಣಿಯಲ್ಲಿ ನಾಟಕ ಬಂತು. ಝಾನ್ ಕ್ಲೋದ್ ಕರಿಯೇರ್ ಬರೆದದ್ದು, ಒಂಬತ್ತು ಗಂಟೆಯದು. ಒಂದೇ ರಾತ್ರಿಗೆ ಪೂರ್ತಿ ಆಡಿದ ದಿನ ಬೆಳಗಾಗುವವರೆಗೂ ನಡೆಯುತ್ತಿತ್ತು. ಯಕ್ಷಗಾನ ನೋಡಿದವರಿಗೆ ಇದರಲ್ಲಿ ಅಂಥ ಅಚ್ಚರಿ ಏನಿಲ್ಲ ಬಿಡಿ. ಆಗ ಸೋಟಿಗಿಗೆ ಐವತ್ತರ ಹತ್ತಿರ.

ಅಲ್ಲಿಂದ ಮುಂದೆ ಅವರು ಬ್ರೂಕ್ ಅವರ ಪ್ಯಾರಿಸ್ ರಂಗಮಂದಿರ ಬೂಫ್ ದ್ಯು ನೋರ್‌ನ ಆಧಾರಕಂಬದಂತಾದರು. 1990ರಲ್ಲಿ ಶೇಕ್ಸ್‌ಪಿಯರ್‌ನ ‘ಟೆಂಪೆಸ್ಟ್’ ನಾಟಕದ ಪ್ರಾಸ್ಪೆರೊ. 2004ರಲ್ಲಿ ಮಾಲಿಯ ಸೂಫಿ ಗುರು ತಿಯೆರ್ನೊ ಬೊಕಾರ್ ಪಾತ್ರ. ಪ್ಯಾರಿಸ್ ಅವರಿಗೆ ಕೊಟ್ಟದ್ದು ಹೆಸರು ಮಾತ್ರ ಅಲ್ಲ, ವರ್ಷದಿಂದ ವರ್ಷಕ್ಕೆ ಮಾಡುವ ಕೆಲಸ. ಫ್ರಾನ್ಸಿನಲ್ಲಿ ನಟರಿಗೆ ಒಂದು ವಿಶೇಷ ವ್ಯವಸ್ಥೆ ಇದೆ: ಹನ್ನೆರಡು ತಿಂಗಳಲ್ಲಿ 507 ಗಂಟೆ ಕೆಲಸ ಮಾಡಿದ್ದರೆ, ಕೆಲಸ ಇಲ್ಲದ ದಿನಗಳಿಗೆ ಭತ್ಯೆ ಸಿಗುತ್ತದೆ. ಎರಡು ನಾಟಕದ ನಡುವೆ ನಟ ಉಪವಾಸ ಬೀಳಬಾರದು ಎಂದು ಕಾನೂನೇ ಒಪ್ಪಿಕೊಂಡಂತೆ. ವಾಗಡುಗುವಿನಲ್ಲಿ ಎರಡು ಚಿತ್ರಗಳ ನಡುವೆ ನಿಮಗಿರುವುದು ನಿಮ್ಮ ನೆಂಟರು. ಪ್ರತಿಭೆಯ ಮಾತು ಬಿಡಿ, ಈ 507 ಗಂಟೆಯ ಲೆಕ್ಕವೇ ಸಾಕು ನಟ ಯಾಕೆ ಊರು ಬಿಡುತ್ತಾನೆ ಅಂತ ಹೇಳಲು.

ವಿಚಿತ್ರ ಏನೆಂದರೆ, ಪ್ಯಾರಿಸ್‌ಗೆ ಹೋದಮೇಲೇ ಅವರು ತಮ್ಮ ಊರಿನ ಸಿನಿಮಾಕ್ಕೆ ತಮ್ಮ ದೊಡ್ಡ ಪಾತ್ರಗಳಲ್ಲಿ ಒಂದನ್ನು ಕೊಟ್ಟದ್ದು. 1995ರ ‘ಕೇಟಾ’. ನಿರ್ದೇಶಕ ಅವರ ಮಗ ದಾನಿ ಕುಯಾಟೆ. ಹಳ್ಳಿಯಿಂದ ಒಬ್ಬ ಮುದಿ ಗ್ರಿಯೊ, ಜೇಲಿಬಾ, ಪಟ್ಟಣದ ಮನೆಯೊಂದಕ್ಕೆ ಬರುತ್ತಾನೆ. ಆ ಮನೆಯ ಹುಡುಗ ಮಾಬೊ ಕೇಟಾ. ‘ನಿನ್ನ ಹೆಸರಿನ ಅರ್ಥ ಗೊತ್ತಾ?’ ಎಂದು ಶುರುವಾಗುತ್ತದೆ. ಅಂಗಳದಲ್ಲಿ ತೂಗುಮಂಚ ಕಟ್ಟಿಕೊಂಡು ಮುದುಕ ಸುಂಜಾಟಾನ ಕಥೆ ಹೇಳುತ್ತಾನೆ, ದಿನಕ್ಕೆ ಸ್ವಲ್ಪ. ಹುಡುಗನಿಗೆ ಕಥೆಯ ಹುಚ್ಚು ಹಿಡಿದು ಶಾಲೆ ಕೆಡುತ್ತದೆ. ಮೇಷ್ಟ್ರಿಗೆ ಸಿಟ್ಟು. ತಾಯಿಗೆ ಪರೀಕ್ಷೆಯ ಚಿಂತೆ. ಅಪ್ಪ ನಡುವೆ ಸಿಕ್ಕಿಕೊಂಡು ಒದ್ದಾಡುತ್ತಾನೆ. ನಮ್ಮಲ್ಲೂ ಇಂಥ ಮನೆ ಎಷ್ಟಿಲ್ಲ, ಅಲ್ವಾ?

ಆ ಚಿತ್ರದಲ್ಲಿ ಸೋಟಿಗಿ ಹೆಚ್ಚು ಏನೂ ಮಾಡುವುದಿಲ್ಲ. ಕೂರುತ್ತಾರೆ, ಮಲಗುತ್ತಾರೆ, ಹೇಳುತ್ತಾರೆ. ಆದರೆ ಪೆಟ್ಟು ಬೀಳುವುದು ಅಲ್ಲೇ. ಗ್ರಿಯೊ ಮನೆತನದ ನಟ ಗ್ರಿಯೊ ಆಗಿ, ಕುಯಾಟೆ ಆಗಿ, ಒಬ್ಬ ಕೇಟಾನಿಗೆ ಕೇಟಾಗಳ ಕಥೆ ಹೇಳುತ್ತಾರೆ. ಎಂಟು ಶತಮಾನದ ಮನೆತನದ ಹೊಣೆ ಕ್ಯಾಮೆರಾ ಮುಂದೆ ಮುಂದುವರಿಯುತ್ತದೆ. ಕೊನೆಗೆ ಜಗಳ ಹೆಚ್ಚಾದಾಗ ಮುದುಕ ಕಥೆ ಮುಗಿಸದೆ ಹೊರಟುಹೋಗುತ್ತಾನೆ. ಅವನನ್ನು ಯಾರೂ ಓಡಿಸುವುದಿಲ್ಲ. ಅವನಿಗೆ ಆ ಮನೆಯಲ್ಲಿ ಜಾಗ ಉಳಿದಿಲ್ಲ, ಅಷ್ಟೆ.

‘ಕೇಟಾ’ ಬರುವ ಹಿಂದಿನ ವರ್ಷ, 1994ರ ಜನವರಿಯಲ್ಲಿ, ಈ ದೇಶಗಳ ನಾಣ್ಯವಾದ ಸಿಎಫ್‌ಎ ಫ್ರಾಂಕ್‌ನ ಬೆಲೆಯನ್ನು ರಾತ್ರೋರಾತ್ರಿ ಅರ್ಧಕ್ಕೆ ಇಳಿಸಲಾಯಿತು. ಹೊರದೇಶದಿಂದ ತರುವ ಫಿಲ್ಮ್, ಲ್ಯಾಬಿನ ಕೆಲಸ ಎಲ್ಲದರ ಖರ್ಚೂ ದುಪ್ಪಟ್ಟು. ಜೊತೆಗೆ ವಿಶ್ವಬ್ಯಾಂಕು, ಐಎಂಎಫ್‌ ಒತ್ತಾಯದಲ್ಲಿ ಸರ್ಕಾರಗಳು ಖರ್ಚು ಕಡಿಮೆ ಮಾಡಿದವು. ಟಾಕೀಸುಗಳು ಒಂದೊಂದಾಗಿ ಗೋದಾಮು, ಅಂಗಡಿ, ಪ್ರಾರ್ಥನಾ ಮಂದಿರ ಆದವು. ಮನೆಯಲ್ಲಿ ವಿಡಿಯೊ ಬಂದಿತ್ತು.

ಅದೇ ವಿಡಿಯೊ ಲಾಗೋಸ್‌ನಲ್ಲಿ ಬೇರೆಯೇ ಬೆಳೆ ತೆಗೆಯಿತು. 1992ರಲ್ಲಿ ನೈಜೀರಿಯಾದ ವ್ಯಾಪಾರಿ ಕೆನೆತ್ ನೆಬುವೆ ಇಗ್ಬೊ ಭಾಷೆಯಲ್ಲಿ ‘ಲಿವಿಂಗ್ ಇನ್ ಬಾಂಡೇಜ್’ ಮಾಡಿಸಿ ನೇರ ಕ್ಯಾಸೆಟ್‌ನಲ್ಲಿ ಮಾರಿದರು. ಅಲ್ಲಿಂದ ಶುರುವಾದದ್ದು ನಾಲಿವುಡ್, ಅಂದರೆ ನೈಜೀರಿಯಾದ ಚಿತ್ರೋದ್ಯಮ. 2006ರಲ್ಲಿ ನೈಜೀರಿಯಾ 872 ವಿಡಿಯೊ ಚಿತ್ರ ಮಾಡಿತ್ತು ಎಂದು ಯುನೆಸ್ಕೊ ಲೆಕ್ಕ. ಸಂಖ್ಯೆಯಲ್ಲಿ ಭಾರತದ ನಂತರ ಎರಡನೆಯದು, ಅಮೆರಿಕಕ್ಕಿಂತ ಮುಂದೆ. ಫ್ರೆಂಚ್ ನೆರವಿಲ್ಲ, ಉತ್ಸವದ ಹಂಗಿಲ್ಲ. ಪೋಷಕ ಅಂದರೆ ಮಾರುಕಟ್ಟೆಯಲ್ಲಿ ಕ್ಯಾಸೆಟ್ ಕೊಳ್ಳುವ ಹೆಂಗಸು.

ಅಲ್ಲಿ ನಟರಿಗೆ ಕೆಲಸಕ್ಕೆ ಬರ ಇರಲಿಲ್ಲ. ವಾರಕ್ಕೊಂದು ಚಿತ್ರ ಮುಗಿಸುವವರಿದ್ದರು. ಆದರೆ ಯಜಮಾನ ಬದಲಾದ, ಯಜಮಾನಿಕೆ ಹೋಗಲಿಲ್ಲ. 2004ರ ಕೊನೆಗೆ ಕ್ಯಾಸೆಟ್ ವ್ಯಾಪಾರಿಗಳ ಸಂಘ ಒಂದು ಪಟ್ಟಿ ಹೊರಡಿಸಿತು. ಜೆನೆವೀವ್ ನಾಜಿ, ರಿಚರ್ಡ್ ಮೊಫೆ ಡಾಮಿಜೊ, ಒಮೊಟೋಲಾ ಇಂಥ ದೊಡ್ಡ ತಾರೆಗಳಿಗೇ ನಿಷೇಧ. ಸಂಭಾವನೆ ವಿಪರೀತ ಕೇಳುತ್ತಾರೆ ಎಂಬುದು ಆರೋಪ. ಒಂದು ವರ್ಷದ ಹತ್ತಿರ ಅವರು ಸುಮ್ಮನೆ ಕೂರಬೇಕಾಯಿತು. ಪಾಠ ಕಲಿತವರು ತಾವೇ ನಿರ್ಮಾಪಕರಾದರು. ನಾಜಿ 2018ರಲ್ಲಿ ‘ಲಯನ್‌ಹಾರ್ಟ್’ ನಿರ್ದೇಶಿಸಿ ನೆಟ್‌ಫ್ಲಿಕ್ಸ್‌ಗೆ ಮಾರಿದರು. ನಟಿ ಫುಂಕೆ ಅಕಿಂದೆಲೆ ತಾವೇ ನಿರ್ಮಿಸಿದ ಚಿತ್ರ 2023ರ ಡಿಸೆಂಬರ್‌ನಲ್ಲಿ ಬಂದು 100 ಕೋಟಿ ನೈರಾ ಗಡಿ ದಾಟಿತು. ನೈಜೀರಿಯಾದ ಟಾಕೀಸುಗಳಲ್ಲಿ ಅಷ್ಟು ಗಳಿಸಿದ ಮೊದಲ ಸ್ಥಳೀಯ ಚಿತ್ರ. ಡಾಲರ್‌ನಲ್ಲಿ ಸುಮಾರು ಹತ್ತು ಲಕ್ಷ ಎಂದಿಟ್ಟುಕೊಳ್ಳಿ, ಇಪ್ಪತ್ತು ಕೋಟಿಗೂ ಹೆಚ್ಚು ಜನರ ದೇಶಕ್ಕೆ.

ಇಲ್ಲಿ ಗಾಂಡಾ ಮತ್ತೆ ನೆನಪಾಗುತ್ತಾರೆ. 1960ರ ದಶಕದ ನೈಜರ್ ರಾಜಧಾನಿ ನಿಯಾಮೆಯಲ್ಲಾಗಲಿ ಇವತ್ತಿನ ಲಾಗೋಸ್‌ನಲ್ಲಾಗಲಿ, ನಟ ಬರೀ ನಟನಾಗಿ ಉಳಿದು ಬಾಳುವುದು ಕಷ್ಟ. ಕ್ಯಾಮೆರಾ ಕೊಂಡವನು ಉಳಿಯುತ್ತಾನೆ.

ಈಗ ಮುಚ್ಚಿದ ದಾರಿಯ ವಿಷಯ. ಮಾಲಿ, ಬುರ್ಕಿನಾ, ನೈಜರ್ ಮೂರರಲ್ಲೂ 2020ರಿಂದ 2023ರ ನಡುವೆ ಸೈನ್ಯ ಅಧಿಕಾರ ಹಿಡಿಯಿತು. ಮೂರೂ ಫ್ರೆಂಚ್ ಪಡೆಗಳನ್ನು ಹೊರಗೆ ಕಳಿಸಿದವು. 2023ರ ಆಗಸ್ಟ್‌ನಿಂದ ಫ್ರಾನ್ಸ್ ಈ ದೇಶಗಳಲ್ಲಿ ವೀಸಾ ಕೊಡುವುದನ್ನು ನಿಲ್ಲಿಸಿತು. ಸೆಪ್ಟೆಂಬರ್‌ನಲ್ಲಿ ಫ್ರಾನ್ಸಿನ ಸಂಸ್ಕೃತಿ ಇಲಾಖೆಯ ಪ್ರಾದೇಶಿಕ ಕಚೇರಿಗಳಿಂದ ರಂಗಮಂದಿರಗಳಿಗೆ ಒಂದು ಸಂದೇಶ ಹೋಯಿತು: ಈ ಮೂರು ದೇಶಗಳ ಕಲಾವಿದರ ಜೊತೆಗಿನ ಸಹಯೋಗ ನಿಲ್ಲಿಸಿ. ಫ್ರಾನ್ಸಿನ ಕಲಾವಿದರೇ ಗದ್ದಲ ಎಬ್ಬಿಸಿದರು. ಸಚಿವೆ ಸಮಜಾಯಿಷಿ ಕೊಟ್ಟು, ಕಲಾವಿದರಿಗೆ ಬಹಿಷ್ಕಾರ ಇಲ್ಲ, ವೀಸಾ ಮಾತ್ರ ಆಗುತ್ತಿಲ್ಲ ಎಂದರು. ವೀಸಾ ಇಲ್ಲದೆ ನಟ ವೇದಿಕೆ ಹತ್ತುವುದು ಹೇಗೆ ಅಂತ ಕೇಳಿದರೆ ಉತ್ತರ ಇಲ್ಲ. ಬಮಾಕೊದಲ್ಲಿ ಹುಟ್ಟಿ ವಾಗಡುಗುವಿನಲ್ಲಿ ಬೆಳೆದ ಇವತ್ತಿನ ಸೋಟಿಗಿಗೆ ಭೀಷ್ಮನ ಪಾತ್ರ ಸಿಕ್ಕರೂ ರಿಹರ್ಸಲ್‌ಗೆ ಹೋಗಲು ಆಗುತ್ತಿರಲಿಲ್ಲ.

ಊರಿನಲ್ಲೇ ಶೂಟಿಂಗ್ ಮಾಡೋಣ ಎಂದರೆ ಅದೂ ಸುಲಭ ಇಲ್ಲ. 2015ರಿಂದ ಬುರ್ಕಿನಾದಲ್ಲಿ ಉಗ್ರರ ಹಾವಳಿ. 20 ಲಕ್ಷಕ್ಕೂ ಹೆಚ್ಚು ಜನ ಊರು ಬಿಟ್ಟಿದ್ದಾರೆ. ‘ಯಾಬಾ’ದ ಆ ಕೆಂಪು ಮಣ್ಣಿನ ಬಯಲು ಇರುವುದು ಉತ್ತರದ ಯಾಟೆಂಗಾ ಸೀಮೆಯಲ್ಲಿ. ಅಲ್ಲಿಗೆ ಈಗ ಕ್ಯಾಮೆರಾ ಹೊತ್ತು ಹೋಗುವ ಧೈರ್ಯ ಯಾರಿಗಿದೆ?

ಯುರೋಪ್, ಅಮೆರಿಕ ಮುಟ್ಟಿದವರ ಗತಿಯೂ ನಾವು ಅಂದುಕೊಂಡಷ್ಟು ಸುಖದ್ದಲ್ಲ. ಬೆನಿನ್‌ನಲ್ಲಿ ಹುಟ್ಟಿದ ಜಿಮೋನ್ ಹೌನ್ಸು ಅವರಿಗೆ ಎರಡು ಸಲ ಆಸ್ಕರ್ ನಾಮನಿರ್ದೇಶನ ಸಿಕ್ಕಿದೆ. 2025ರ ಜನವರಿಯಲ್ಲಿ ಸಿಎನ್‌ಎನ್ ಸಂದರ್ಶನದಲ್ಲಿ ಅವರು, ಇಷ್ಟು ವರ್ಷದ ಮೇಲೂ ಬದುಕು ನಡೆಸಲು ಹೆಣಗುತ್ತಿದ್ದೇನೆ, ನನಗೆ ಸಂಭಾವನೆ ತೀರಾ ಕಡಿಮೆ ಎಂದರು. ಅವರ ಮಾತಿನಲ್ಲಿ ಸಿಟ್ಟಿಗಿಂತ ದಣಿವು ಜಾಸ್ತಿ ಇತ್ತು. ಸೋಟಿಗಿ ಅವರಿಗೂ ಬ್ರಿಟಿಷ್, ಅಮೆರಿಕನ್ ಹಣದ ಚಿತ್ರಗಳಲ್ಲಿ ಸಿಕ್ಕಿದ್ದು ಬಹುತೇಕ ಚಿಕ್ಕ ಪಾತ್ರಗಳೇ. ಅವರಿಗೆ ನಾಯಕನ ಜಾಗ ಕೊಟ್ಟವರಲ್ಲಿ ಮುಖ್ಯರು ರಶೀದ್ ಬುಷರೆಬ್, ಅಲ್ಜೀರಿಯಾ ಮೂಲದ ಫ್ರೆಂಚ್ ನಿರ್ದೇಶಕ. 2001ರ ‘ಲಿಟಲ್ ಸೆನೆಗಲ್’ನಲ್ಲಿ ಸೋಟಿಗಿ ಗುಲಾಮರ ದ್ವೀಪ ಗೋರೆಯ ಗೈಡ್. ಹಡಗಿನಲ್ಲಿ ಸಾಗಿಸಲ್ಪಟ್ಟ ತನ್ನ ಪೂರ್ವಜರ ಸಂತಾನ ಹುಡುಕಿಕೊಂಡು ಅಮೆರಿಕಕ್ಕೆ ಹೋಗುತ್ತಾನೆ. 2009ರ ‘ಲಂಡನ್ ರಿವರ್’ನಲ್ಲಿ ಅವರು ಫ್ರಾನ್ಸಿನ ಕಾಡಿನಲ್ಲಿ ಕೆಲಸ ಮಾಡುವ ಮುಸ್ಲಿಂ ಅಪ್ಪ. 2005ರ ಲಂಡನ್ ಬಾಂಬ್ ಸ್ಫೋಟದ ನಂತರ ಮಗನನ್ನು ಹುಡುಕುತ್ತಾನೆ. ಆ ಪಾತ್ರಕ್ಕೆ ಬರ್ಲಿನ್‌ನಲ್ಲಿ ಅತ್ಯುತ್ತಮ ನಟನ ಬೆಳ್ಳಿ ಕರಡಿ. ಆಗ ಅವರಿಗೆ 72. ಮರುವರ್ಷ ಏಪ್ರಿಲ್‌ನಲ್ಲಿ ಪ್ಯಾರಿಸ್‌ನಲ್ಲಿ ತೀರಿಕೊಂಡರು.

ಹಾಗಾದರೆ ಈಗಿನ ನಟರು ಎಲ್ಲಿ ದುಡಿಯುತ್ತಾರೆ? ಹೆಚ್ಚಿನವರು ಧಾರಾವಾಹಿಯಲ್ಲಿ. ಐವರಿ ಕೋಸ್ಟ್‌ನಲ್ಲಿ ನಟಿ ಅಕಿಸ್ಸಿ ಡೆಲ್ಟಾ 2002ರಲ್ಲಿ ಶುರು ಮಾಡಿದ ‘ಮಾ ಫಾಮಿಯ್’ ಫ್ರೆಂಚ್ ಮಾತಾಡುವ ಪಶ್ಚಿಮ ಆಫ್ರಿಕಾ ಪೂರ್ತಿ ಮನೆಮಾತಾಯಿತು. ಡಕಾರ್‌ನಿಂದ 2019ರಲ್ಲಿ ಬಂದ, ಮದುವೆಯಾದ ಗಂಡಸಿನ ಪ್ರೇಯಸಿಯ ಕಥೆಯ ಧಾರಾವಾಹಿ ಯೂಟ್ಯೂಬ್‌ನಲ್ಲಿ ಹಬ್ಬಿ, ಮಸೀದಿ ಮೌಲ್ವಿಗಳಿಂದ ಹಿಡಿದು ಎಲ್ಲರೂ ಅದರ ಬಗ್ಗೆ ಜಗಳವಾಡಿದರು. ವೊಲೊಫ್ ಭಾಷೆ, ಡಕಾರ್‌ನ ಮನೆಗಳು, ಅಲ್ಲಿನದೇ ಸಂಸಾರದ ಗುದ್ದಾಟ. ಉತ್ಸವದವರಿಗೆ ಇದು ಸಿನಿಮಾ ಅಲ್ಲ. ಆದರೆ ಅಲ್ಲಿನ ನಟಿಯನ್ನು ಮಾರುಕಟ್ಟೆಯಲ್ಲಿ ಜನ ಪಾತ್ರದ ಹೆಸರು ಹಿಡಿದು ಕೂಗುತ್ತಾರೆ. ನ್ಯಾಂಗ್ ಅವರನ್ನು ನೋಡಿ ನಕ್ಕ ಹುಡುಗರನ್ನು ಇದರ ಪಕ್ಕ ಇಟ್ಟು ನೋಡಿ. ಸ್ಟ್ರೀಮಿಂಗ್ ಕಂಪನಿಗಳ ಮೇಲೆ ನಂಬಿಕೆ ಇಡುವಂತಿಲ್ಲ. ಅಮೆಜಾನ್ ಪ್ರೈಮ್ ಲಾಗೋಸ್‌ನಲ್ಲಿ ಅದ್ದೂರಿಯಾಗಿ ಶುರು ಮಾಡಿ, 2024ರ ಜನವರಿಯಲ್ಲಿ ಆಫ್ರಿಕಾದ ಹೊಸ ಚಿತ್ರಗಳಿಗೆ ದುಡ್ಡು ಹಾಕುವುದನ್ನು ನಿಲ್ಲಿಸಿತು. ಆ ಪೋಷಕನೂ ಎದ್ದು ಹೋದ.

2024ರಲ್ಲಿ ಬ್ರೂಕ್ ಅವರ ‘ಮಹಾಭಾರತ’ ಹೊಸ ಹೊಳಪಿನಲ್ಲಿ ವೆನಿಸ್ ಉತ್ಸವಕ್ಕೆ ಬಂತು. ಹಳೆಯ ಪ್ರಿಂಟನ್ನು ಮುತುವರ್ಜಿಯಿಂದ ಸರಿಮಾಡಿಸಿದವರು ಅವರ ಮಗ ಸೈಮನ್ ಬ್ರೂಕ್. ಭೀಷ್ಮನ ಮುಖದ ಸುಕ್ಕುಗಳು ಮತ್ತೆ ದೊಡ್ಡ ಪರದೆ ಕಂಡವು. ಆರು ತಿಂಗಳ ಮೇಲೆ, 2025ರ ಮಾರ್ಚ್ 1ರಂದು, ವಾಗಡುಗುವಿನಲ್ಲಿ ಆ ಭೀಷ್ಮನ ಮಗ ದಾನಿ ಕುಯಾಟೆ ಫೆಸ್ಪಾಕೊದ ದೊಡ್ಡ ಪ್ರಶಸ್ತಿ ಗೆದ್ದರು. ಕುದುರೆ ಏರಿದ ರಾಜಕುಮಾರಿ ಯೆನೆಂಗಾಳ ಹೆಸರಿನ ಚಿನ್ನದ ಪ್ರತಿಮೆ. ಚಿತ್ರದ ಹೆಸರು ‘ಕಟಂಗಾ’. ಮ್ಯಾಕ್‌ಬೆತ್‌ನ ಕಥೆ, ಬುರ್ಕಿನಾದ ಮೋರೆ ಭಾಷೆಯಲ್ಲಿ, ಬುರ್ಕಿನಾದ ನಟರು. ಆ ಪ್ರಶಸ್ತಿ ಬುರ್ಕಿನಾದವರಿಗೆ ಸಿಗದೆ 28 ವರ್ಷ ಆಗಿತ್ತು. 1997ರಲ್ಲಿ ಗಾಸ್ತೋಂ ಕಬೋರೆ ಗೆದ್ದದ್ದೇ ಕೊನೆ.

ಫೆಸ್ಪಾಕೊ ಎರಡು ವರ್ಷಕ್ಕೊಮ್ಮೆ ಬರುತ್ತದೆ. ‘ಕಟಂಗಾ’ದ ನಟರಿಗೆ ಈ ನಡುವೆ ಎಷ್ಟು ದಿನ ಕೆಲಸ ಸಿಕ್ಕಿತು ಎಂದು 2027ರಲ್ಲಿ ಯಾರಾದರೂ ಕೇಳಬೇಕು.